ನೆಲದಡಿಯ ಫಿಲೋಮಿನಾ

ಹೆಮ್ಮರಗಾಲದಿಂದ ಮೈಸೂರಿಗೆ ಹೊರಟವರಿಗೆ ದೇವರ ಗೋಪುರಗಳು ಹೊಸವಲ್ಲ. ಊರಲ್ಲೇ ಸಂತಾನ ವೇಣುಗೋಪಾಲಸ್ವಾಮಿ ಇದ್ದಾನೆ. ಮಕ್ಕಳಾಗಲೆಂದು ಹರಕೆ ಹೊತ್ತ ದಂಪತಿಗಳು ದೂರದೂರದಿಂದ ಅಲ್ಲಿಗೆ ಬರುತ್ತಾರೆ. ನಂಜನಗೂಡಿಗೆ ಬಂದರೆ ಶ್ರೀಕಂಠೇಶ್ವರನ ಏಳು ಅಂತಸ್ತಿನ ರಾಜಗೋಪುರ. ಮುಂದೆ ಬಲಗಡೆಗೆ ಚಾಮುಂಡಿಬೆಟ್ಟ. ಇವನ್ನೆಲ್ಲ ಕಂಡು ಕೈಮುಗಿದು ಪೇಟೆಯೊಳಗೆ ಹೊಕ್ಕವರಿಗೆ ಅಶೋಕ ರಸ್ತೆಯ ಕಡೆ ಇನ್ನೊಂದು ಜೋಡಿ ಕಾಣುತ್ತದೆ: ಚೂಪಾಗಿ ಆಕಾಶಕ್ಕೆ ನೆಟ್ಟ ಎರಡು ಶಿಖರಗಳು, ತುದಿಯಲ್ಲಿ ಶಿಲುಬೆ. ಸಂತ ಫಿಲೋಮಿನಾ ಚರ್ಚ್.

ಪ್ರವಾಸಿಗರು ಅಲ್ಲಿ ಮೊದಲು ಮಾಡುವ ಕೆಲಸ ಒಂದೇ, ಕತ್ತೆತ್ತಿ ನೋಡುವುದು. ತಪ್ಪೇನಿಲ್ಲ, 175 ಅಡಿ ಎತ್ತರ ಕತ್ತೆತ್ತದೆ ಕಾಣುವುದಿಲ್ಲ. ಆದರೆ ಈ ಕಟ್ಟಡ ಎದ್ದದ್ದು ಯಾವುದಕ್ಕಾಗಿಯೋ ಅದು ಮೇಲಿಲ್ಲ. ಅದು ಬಲಿಪೀಠದ ಕೆಳಗಿನ ನೆಲಮಾಳಿಗೆಯಲ್ಲಿದೆ.

ಕಥೆ ಶುರುವಾಗುವುದು ರೋಮಿನಲ್ಲಿ. 1802ರ ಮೇ ತಿಂಗಳಲ್ಲಿ ಪ್ರಿಸಿಲ್ಲಾ ಎಂಬ ಹೆಸರಿನ ಹಳೆಯ ನೆಲದಡಿಯ ಸಮಾಧಿಗಳನ್ನು ಅಗೆಯುತ್ತಿದ್ದವರಿಗೆ ಮೂರು ಸುಟ್ಟ ಮಣ್ಣಿನ ಹೆಂಚುಗಳಿಂದ ಮುಚ್ಚಿದ ಒಂದು ಗೂಡು ಸಿಕ್ಕಿತು. ಒಳಗೆ ಎಳೆಯ ಹುಡುಗಿಯೊಬ್ಬಳ ಮೂಳೆಗಳು. ಹೆಂಚುಗಳ ಮೇಲೆ ಲ್ಯಾಟಿನ್ ಅಕ್ಷರಗಳು: ಒಂದರಲ್ಲಿ 'ಲುಮೆನ', ಇನ್ನೊಂದರಲ್ಲಿ 'ಪಾಕ್ಸ್ ತೆ', ಮೂರನೆಯದರಲ್ಲಿ 'ಕುಮ್ ಫಿ'. ಹಾಗೇ ಓದಿದರೆ ಅರ್ಥವಿಲ್ಲ. ಮೊದಲ ಹೆಂಚನ್ನು ಕೊನೆಗೆ ಸರಿಸಿದರೆ 'ಪಾಕ್ಸ್ ತೆಕುಮ್ ಫಿಲುಮೆನ', ಅಂದರೆ 'ಫಿಲೋಮಿನಾ, ನಿನಗೆ ಶಾಂತಿ ಇರಲಿ'. ಹುಡುಗಿಗೆ ಹೆಸರು ಬಂದದ್ದು ಹೀಗೆ. ಅವಳ ಬಗ್ಗೆ ಅದಕ್ಕಿಂತ ಹಳೆಯ ಬರಹ ಯಾವುದೂ ಇರಲಿಲ್ಲ.

1805ರಲ್ಲಿ ಆ ಅವಶೇಷಗಳು ನೇಪಲ್ಸ್ ಬಳಿಯ ಮುಗ್ನಾನೊ ಎಂಬ ಊರು ಸೇರಿದವು. ಪವಾಡಗಳ ಸುದ್ದಿ ಹಬ್ಬಿತು. ಆದರೆ ಫಿಲೋಮಿನಾಳನ್ನು ಮನೆಮಾತಾಗಿಸಿದವರು ಇಟಲಿಯವರಿಗಿಂತ ಹೆಚ್ಚಾಗಿ ಫ್ರೆಂಚರು. ಆರ್ಸ್ ಎಂಬ ಹಳ್ಳಿಯ ಪಾದ್ರಿ ಜಾನ್ ವಿಯಾನಿ ಅವಳ ಪರಮಭಕ್ತ. ಲಿಯೋನ್ ನಗರದ ಪೋಲಿನ್ ಜಾರಿಕೊ ಎಂಬ ಮಹಿಳೆ 1835ರಲ್ಲಿ ಸಾಯುವಂತಿದ್ದ ಸ್ಥಿತಿಯಲ್ಲಿ ಮುಗ್ನಾನೊಗೆ ಹೋಗಿ ಗುಣವಾಗಿ ಬಂದಳೆಂಬ ಪ್ರತೀತಿ. ಈಕೆ ಸಾಮಾನ್ಯಳಲ್ಲ. ಕಾರ್ಖಾನೆಯ ಕೂಲಿ ಹೆಣ್ಣುಮಕ್ಕಳಿಂದ ವಾರಕ್ಕೊಂದು ಕಾಸು ಕೂಡಿಸಿ ವಿದೇಶಿ ಮಿಷನ್‌ಗಳಿಗೆ ಹಣ ಕಳಿಸುವ ಸಂಘಕ್ಕೆ 1822ರಲ್ಲಿ ಅಡಿಪಾಯ ಹಾಕಿದವಳು. 1837ರಲ್ಲಿ ಪೋಪ್ ಹದಿನಾರನೇ ಗ್ರೆಗರಿ ಫಿಲೋಮಿನಾಳ ಆರಾಧನೆಗೆ ಒಪ್ಪಿಗೆಯಿತ್ತರು.

ಮೈಸೂರು ಸೀಮೆಯ ಕ್ಯಾಥೊಲಿಕ್ ಕೆಲಸ ಆಗ ಫ್ರೆಂಚರ ಕೈಯಲ್ಲೇ ಇತ್ತು. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಇಲ್ಲಿಗೆ ಬಂದ ಅಬ್ಬೆ ದ್ಯೂಬ್ವಾ ಪ್ಯಾರಿಸ್ ವಿದೇಶಿ ಮಿಷನ್ ಸಂಘದವರು. ಇಲ್ಲಿನವರಂತೆ ಬಟ್ಟೆಯುಟ್ಟು, ಊರೂರು ಅಲೆದು, ಸಿಡುಬಿನ ಲಸಿಕೆ ಹಾಕಿಸಿದ ಅವರನ್ನು ಜನ 'ದೊಡ್ಡ ಸ್ವಾಮಿಯವರು' ಎನ್ನುತ್ತಿದ್ದರು. ಪಾದ್ರಿಯನ್ನು 'ಸ್ವಾಮಿ' ಎನ್ನುವ ವಾಡಿಕೆ ಕನ್ನಡ ಕ್ಯಾಥೊಲಿಕರ ಮನೆಗಳಲ್ಲಿ ಇವತ್ತಿಗೂ ಇದೆ. 1823ರಲ್ಲಿ ದ್ಯೂಬ್ವಾ ಫ್ರಾನ್ಸಿಗೆ ಮರಳಿದರು, ಅವರ ಸಂಘ ಮಾತ್ರ ಉಳಿಯಿತು.

ಈಗಿನ ಚರ್ಚ್ ಇರುವ ಜಾಗದಲ್ಲಿ ಮೊದಲು ಇದ್ದದ್ದು ಚಿಕ್ಕ ದೇವಾಲಯ. ಮುಮ್ಮಡಿ ಕೃಷ್ಣರಾಜ ಒಡೆಯರು 1843ರಲ್ಲಿ ಕಟ್ಟಿಸಿಕೊಟ್ಟದ್ದು. ಅದರ ಶಾಸನ ಲೋಕಕ್ಕೆಲ್ಲ ಒಬ್ಬನೇ ಒಡೆಯನಾದ ದೇವರನ್ನು ನೆನೆದು, ಆಮೇಲೆ ಕ್ರಿಸ್ತನ ಅವತಾರದಿಂದ ವರ್ಷ ಎಣಿಸುತ್ತದೆ. 1831ರಲ್ಲೇ ಆಡಳಿತ ಬ್ರಿಟಿಷರ ಕೈ ಸೇರಿದ್ದರಿಂದ ಮುಮ್ಮಡಿಯವರು ಆ ಹೊತ್ತಿಗೆ ಹೆಸರಿಗಷ್ಟೇ ದೊರೆ. ಗುಡಿ ಕಟ್ಟಿಸುವ ಕೈಯನ್ನು ಮಾತ್ರ ಯಾರೂ ಹಿಡಿದಿರಲಿಲ್ಲ. ನಂಜನಗೂಡಿನ ರಾಜಗೋಪುರವೂ ಅದೇ 1840ರ ದಶಕದ್ದು, ಅವರ ಅರಸಿಯೊಬ್ಬರ ಸೇವೆ. ಎರಡಕ್ಕೂ ಹಣ ಬಂದದ್ದು ಒಂದೇ ಮನೆಯಿಂದ ಎಂಬುದನ್ನು ನಂಜನಗೂಡಿನಿಂದ ಬಸ್ಸು ಹತ್ತುವವರು ನೆನಪಿಡಬಹುದು.

ಇನ್ನು ಮೂಳೆಯ ವಿಷಯ. ನಾಲ್ವಡಿ ಕೃಷ್ಣರಾಜ ಒಡೆಯರ ಹುಜೂರ್ ಕಾರ್ಯದರ್ಶಿ ಸರ್ ಟಿ. ತಂಬುಚೆಟ್ಟಿ ಕ್ಯಾಥೊಲಿಕರು. 1926ರಲ್ಲಿ ಅವರು ಪೋಪರ ಪ್ರತಿನಿಧಿ ಪೀಟರ್ ಪಿಸಾನಿ ಅವರಿಂದ ಫಿಲೋಮಿನಾಳ ಅವಶೇಷದ ಒಂದು ತುಣುಕನ್ನು ಪಡೆದು ತಂದು, ಫಾದರ್ ಕೋಷೆ ಅವರ ಕೈಗಿಟ್ಟರು. ಇಂಥ ವಸ್ತು ಬಂದ ಮೇಲೆ ಅದಕ್ಕೊಂದು ತಕ್ಕ ಮನೆ ಬೇಡವೇ? ಕೋಷೆ ಮಹಾರಾಜರನ್ನು ಕಂಡರು. 1933ರ ಅಕ್ಟೋಬರ್ 28ರಂದು ನಾಲ್ವಡಿಯವರೇ ಅಸ್ತಿಭಾರ ಹಾಕಿದರು.

ನಕ್ಷೆ ಬರೆದದ್ದು ಡಾಲಿ ಎಂಬ ಫ್ರೆಂಚ್ ವಾಸ್ತುಶಿಲ್ಪಿ. ಮಾದರಿ ಜರ್ಮನಿಯ ಕೊಲೋನ್ ಪ್ರಧಾನಾಲಯ. ಅದು 1248ರಲ್ಲಿ ಶುರುವಾಗಿ, ನಡುವೆ ಶತಮಾನಗಳ ಕಾಲ ನಿಂತು, 1880ರಲ್ಲಿ ಮುಗಿದ ಕಟ್ಟಡ. ಅದರ ಶಿಖರಗಳು 157 ಮೀಟರ್. ಮೈಸೂರಿನವು ಅದರ ಮೂರನೇ ಒಂದು ಪಾಲು. ಹಾಗಂತ ಇದನ್ನು ನಕಲು ಎಂದು ತಳ್ಳಿಹಾಕುವವರು ಅರಮನೆಯನ್ನು ಏನೆನ್ನುತ್ತಾರೋ. ಹೆನ್ರಿ ಇರ್ವಿನ್ನರ ಅರಮನೆ 1912ರಲ್ಲಿ, ಆಮೇಲೆ ಲಲಿತಮಹಲ್. ಆ ಕಾಲದ ಮೈಸೂರು ಜಗತ್ತಿನ ಶೈಲಿಗಳನ್ನೆಲ್ಲ ಕರೆದು ಮಣೆ ಹಾಕುತ್ತಿದ್ದ ಊರು. ಈ ಚರ್ಚಿನ ಗಾಥಿಕ್ ಶೈಲಿ ಬಂದದ್ದು ಆ ಸಾಲಿನಲ್ಲಿ ತಡವಾಗಿಯೇ.

ನೆಲದ ನಕ್ಷೆ ಶಿಲುಬೆಯ ಆಕಾರದ್ದು. ಉದ್ದ ತೋಳಿನಲ್ಲಿ ಜನ ಕೂರುವ ಅಂಗಣ, ಸುಮಾರು 800 ಮಂದಿ ಹಿಡಿಸುತ್ತದೆ. ಅಡ್ಡ ತೋಳುಗಳು ಕೂಡುವಲ್ಲಿಂದ ಮುಂದೆ ಬಲಿಪೀಠ. ಗಾಥಿಕ್ ಕಮಾನು ನಮ್ಮ ಹಳೆಮನೆಗಳ ದುಂಡು ಕಮಾನಿನಂತಲ್ಲ, ನೆತ್ತಿಯಲ್ಲಿ ಮುರಿದು ಚೂಪಾಗುತ್ತದೆ. ದುಂಡು ಕಮಾನು ಭಾರವನ್ನು ಪಕ್ಕಕ್ಕೆ ಹೆಚ್ಚು ತಳ್ಳುತ್ತದೆ, ಚೂಪು ಕಮಾನು ಅದನ್ನು ನೆಟ್ಟಗೆ ಕೆಳಗಿಳಿಸುತ್ತದೆ. ಭಾರ ಹೊರುವ ಕೆಲಸ ಕಂಬಗಳ ಪಾಲಾದಾಗ ಗೋಡೆಗೆ ಬಿಡುವು. ಆ ಬಿಡುವಿನಲ್ಲೇ ದೊಡ್ಡ ಕಿಟಕಿಗಳು ಹುಟ್ಟುತ್ತವೆ. ಇಲ್ಲಿನ ಬಣ್ಣದ ಗಾಜುಗಳಲ್ಲಿ ಯೇಸುವಿನ ಜನನ, ಕಡೆಯ ಭೋಜನ, ಶಿಲುಬೆಗೇರಿದ್ದು, ಪುನರುತ್ಥಾನ, ಸ್ವರ್ಗಾರೋಹಣ ಇವೆ. ಬಿಸಿಲಿದ್ದ ದಿನ ಹೋಗಬೇಕು. ಮೋಡವಿದ್ದರೆ ಗಾಜು ಬರೀ ಗಾಜು.

ಶ್ರೀಕಂಠೇಶ್ವರನ ಗುಡಿಯನ್ನು ಬಲ್ಲವರಿಗೆ ಇದು ತಿರುಗುಮುರುಗಾಗಿ ಕಂಡೀತು. ಅಲ್ಲಿ ಗೋಪುರ ಬಾಗಿಲಲ್ಲೇ ಮುಗಿಯುತ್ತದೆ. ಒಳಗೆ ಹೋದಷ್ಟೂ ಮಾಡು ತಗ್ಗಾಗಿ, ಬೆಳಕು ಕಡಿಮೆಯಾಗಿ, ಕೊನೆಗೆ ನಂದಾದೀಪದ ಗರ್ಭಗುಡಿ. ಇಲ್ಲಿ ಒಳಗೆ ಹೋದಷ್ಟೂ ಬೆಳಕು, ಎತ್ತರ. ಆದರೆ ಬಲಿಪೀಠದ ಬಳಿಯಿಂದ ಮೆಟ್ಟಿಲಿಳಿದರೆ ಲೆಕ್ಕ ಬದಲಾಗುತ್ತದೆ. ಓಣಿ ಇಕ್ಕಟ್ಟು, ಗಾಳಿ ತಂಪು, ಗೋಡೆಗಳಲ್ಲಿ ಹೆಸರು ಕೊರೆದ ಕಲ್ಲಿನ ಫಲಕಗಳು. ಜನರ ಮಾತು ತಾನಾಗಿ ತಗ್ಗುತ್ತದೆ. ಅಲ್ಲಿ ಮಲಗಿದ ಭಂಗಿಯಲ್ಲಿ ಫಿಲೋಮಿನಾ. ಗರ್ಭಗುಡಿ ಇಲ್ಲವೆಂದುಕೊಂಡ ಕಟ್ಟಡಕ್ಕೂ ಒಂದು ಗರ್ಭಗುಡಿ ಇದೆ, ನೆಲದ ಕೆಳಗೆ. ಅವಳು ಶಿಶುಗಳ, ಎಳೆಯರ ಪೋಷಕಿ ಎಂಬುದು ಭಕ್ತರ ನಂಬಿಕೆ. ವೇಣುಗೋಪಾಲನ ಊರಿನವರಿಗೆ ಈ ಬೇಡಿಕೆಯ ಭಾಷೆ ಹೇಳಿಕೊಡಬೇಕಾಗಿಲ್ಲ.

ಕಟ್ಟಡ ಪೂರ್ಣಗೊಂಡದ್ದು 1941ರಲ್ಲಿ, ಧರ್ಮಾಧ್ಯಕ್ಷ ರೆನೆ ಫೂಗಾ ಅವರ ಮೇಲ್ವಿಚಾರಣೆಯಲ್ಲಿ. ಅಸ್ತಿಭಾರ ಹಾಕಿದ ನಾಲ್ವಡಿಯವರು ಅದನ್ನು ನೋಡಲಿಲ್ಲ. 1940ರ ಆಗಸ್ಟಿನಲ್ಲೇ ತೀರಿಕೊಂಡಿದ್ದರು. ಅದೇ ವರ್ಷ ಬೆಂಗಳೂರು ಬೇರೆ ಧರ್ಮಪ್ರಾಂತ್ಯವಾಗಿ ಹೋಗಿ, ಮೈಸೂರು ತನ್ನದೇ ಧರ್ಮಪ್ರಾಂತ್ಯವಾಗಿ ಉಳಿದಿತ್ತು. ಸಂತ ಜೋಸೆಫರ ಹೆಸರನ್ನೂ ಹೊತ್ತ ಈ ಚರ್ಚ್ ಧರ್ಮಾಧ್ಯಕ್ಷರ ಪೀಠವಿರುವ ಪ್ರಧಾನಾಲಯವಾಯಿತು. 1946ರಲ್ಲಿ ಫಿಲೋಮಿನಾ ಹೆಸರಿನ ಕಾಲೇಜೂ ತೆರೆಯಿತು. ಮುಂದೆ ವ್ಯಾಟಿಕನ್ ಮಹಾಸಭೆಯ ಬಳಿಕ ಲ್ಯಾಟಿನ್ ಬಲಿಪೂಜೆ ಹೋಗಿ ಕನ್ನಡದ ದನಿ ಆ ಕಮಾನುಗಳನ್ನು ಮುಟ್ಟಿತು.

ಆ ಮಹಾಸಭೆಗೂ ಮೊದಲೇ, 1961ರಲ್ಲಿ ರೋಮ್ ಒಂದು ಗೆರೆ ಎಳೆದಿತ್ತು. ಚರಿತ್ರೆಯ ಆಧಾರ ಸಾಲದೆಂದು ಫಿಲೋಮಿನಾಳ ಹಬ್ಬವನ್ನು ಪಂಚಾಂಗಗಳಿಂದ ತೆಗೆಯಲು ಸೂಚನೆ ಬಂತು. ಹೆಂಚುಗಳ ಜೋಡಣೆಯ ಬಗ್ಗೆಯೇ ವಿದ್ವಾಂಸರಿಗೆ ಅನುಮಾನವಿತ್ತು: ಹಳೆಯ ಹೆಂಚನ್ನು ಬೇರೊಬ್ಬಳ ಸಮಾಧಿಗೆ ಮತ್ತೆ ಬಳಸಿರಬಹುದು, ಅಕ್ಷರ ಹಿಂದುಮುಂದಾದದ್ದು ಅದಕ್ಕೇ ಎಂದು. ಆದರೆ ಖಾಸಗಿ ಭಕ್ತಿಗೆ ಯಾರೂ ತಡೆ ಹಾಕಲಿಲ್ಲ. ಅಶೋಕ ರಸ್ತೆಯ ಆಟೋದವರಿಗಂತೂ ಆ ಸುತ್ತೋಲೆ ಇನ್ನೂ ತಲುಪಿದಂತಿಲ್ಲ. 'ಫಿಲೋಮಿನಾ ಚರ್ಚಾ? ಕೂತ್ಕೊಳಿ' ಎಂದು ಮೀಟರ್ ಕಡೆ ಕೈಹಾಕುತ್ತಾರೆ.