ಐದು ಹುಡುಗರು, ಒಂದು ಹಾಡು, ನಾಲ್ಕು ದಶಕದ ತಕರಾರು

ಹಾಡು ಶುರುವಾಗುವುದು ಒಬ್ಬನೇ ಹುಡುಗನ ಕೊರಳಿನಿಂದ. ಅರ್ಥವಿಲ್ಲದ ಒಂದಷ್ಟು ಅಕ್ಷರ, ಆ ಅಕ್ಷರಗಳಲ್ಲೇ ತಾಳ. ಷೆರ್ಮನ್ ಗಾರ್ನೆಸ್ ಎಂಬ ಎತ್ತರದ ಶಾಲಾ ಹುಡುಗ ಮಂದ್ರದಲ್ಲಿ ಪಾಯ ತೋಡುತ್ತಾನೆ, ಉಳಿದವರು ಬಂದು ಕೂಡಿಕೊಳ್ಳುತ್ತಾರೆ, ಅವರೆಲ್ಲರ ಮೇಲೆ ಫ್ರಾಂಕಿ ಲೈಮನ್‌ನ ದನಿ ಏರುತ್ತದೆ. ಅವನಿಗಾಗ 13 ವರ್ಷ. 1956ರ ಜನವರಿಯಲ್ಲಿ ನ್ಯೂಯಾರ್ಕಿನ ಜೀ ರೆಕಾರ್ಡ್ಸ್ ಹೊರತಂದ ‘ವೈ ಡು ಫೂಲ್ಸ್ ಫಾಲ್ ಇನ್ ಲವ್’ ಎರಡೂವರೆ ನಿಮಿಷವನ್ನೂ ಮುಟ್ಟದ ಹಾಡು. ಅದು ಯಾರದು ಎಂದು ತೀರ್ಮಾನವಾಗಲು ಮಾತ್ರ 40 ವರ್ಷ ಹಿಡಿಯಿತು.

ಡೂ-ವಾಪ್ ಗಾಯನ ಅಮೆರಿಕದ ದೊಡ್ಡ ನಗರಗಳ ಕರಿಯರ ಕೇರಿಗಳಲ್ಲಿ ಬೆಳೆದದ್ದು. ಅದಕ್ಕೆ ಬಂಡವಾಳ ಬೇಕಿರಲಿಲ್ಲ. ವಾದ್ಯ ಕೊಳ್ಳಲು ಕಾಸಿಲ್ಲದ ಹುಡುಗರು ವಾದ್ಯಗಳ ಕೆಲಸವನ್ನೂ ಬಾಯಿಗೇ ಒಪ್ಪಿಸಿದರು. ಕೆಳಗೊಂದು ಮಂದ್ರದ ದನಿ, ನಡುವೆ ಎರಡು-ಮೂರು ದನಿಗಳ ಹೊಂದಾಣಿಕೆ, ಮೇಲೆ ಮುಖ್ಯ ಗಾಯಕ. ಹೆಚ್ಚಿನ ಹಾಡುಗಳು ಸುತ್ತುವುದು ಅವೇ ನಾಲ್ಕು ಸ್ವರಮೇಳಗಳಲ್ಲಿ; ಹಾಗಾಗಿ ಹೊಸಬನೂ ಬೇಗ ಹೊಂದಿಕೊಳ್ಳುತ್ತಿದ್ದ. ಅಭ್ಯಾಸ ನಡೆಯುತ್ತಿದ್ದುದು ಬೀದಿಯ ಮೂಲೆಯಲ್ಲಿ, ಶಾಲೆಯ ಪಡಸಾಲೆಯಲ್ಲಿ, ವಠಾರದ ಮೆಟ್ಟಿಲ ಸಂದಿಯಲ್ಲಿ. ಬಚ್ಚಲಮನೆಯಲ್ಲಿ ಹಾಡಿಕೊಂಡಾಗ ನಮ್ಮ ದನಿ ನಮಗೇ ಹಿಡಿಸುತ್ತದಲ್ಲ, ಆ ಗೋಡೆಗಳ ನಡುವೆ ಅವರಿಗೂ ಹಾಗೇ ಆಗುತ್ತಿತ್ತು.

ಮ್ಯಾನ್‌ಹಟನ್ನಿನ ವಾಷಿಂಗ್ಟನ್ ಹೈಟ್ಸ್‌ನಲ್ಲಿ ಎಡ್ವರ್ಡ್ ಡಬ್ಲ್ಯೂ. ಸ್ಟಿಟ್ ಜೂನಿಯರ್ ಹೈಸ್ಕೂಲ್ ಇತ್ತು. ಅಲ್ಲಿ ಗಾರ್ನೆಸ್ ಮತ್ತು ಜಿಮ್ಮಿ ಮರ್ಚೆಂಟ್ ಜೊತೆಯಾದರು. ಇಬ್ಬರೂ ಕರಿಯರು. ಪೋರ್ಟೊರಿಕೊ ಮೂಲದ ಹರ್ಮನ್ ಸಾಂಟಿಯಾಗೊ, ಜೋ ನೆಗ್ರೋನಿ ಸೇರಿಕೊಂಡರು. ಕಿರಾಣಿ ಅಂಗಡಿಯಲ್ಲಿ ಕೆಲಸ ಮಾಡಿಕೊಂಡಿದ್ದ ಹಾರ್ಲೆಮ್‌ನ ಫ್ರಾಂಕಿ ಕೊನೆಗೆ ಬಂದವನು. ಮೊದಲು ಮುಖ್ಯ ಗಾಯಕನಾಗಿದ್ದವನು ಸಾಂಟಿಯಾಗೊ. ನೆರೆಮನೆಯವರೊಬ್ಬರು ತಮ್ಮ ಪ್ರಿಯತಮೆಯ ಪತ್ರಗಳನ್ನು ಹುಡುಗರ ಕೈಗಿತ್ತರು, ಅದರಲ್ಲಿದ್ದ ಒಂದು ಸಾಲಿನಿಂದ ಹಾಡು ಹುಟ್ಟಿತು ಎಂಬುದು ಪ್ರತೀತಿ. ‘ವ್ಯಾಲೆಂಟೈನ್ಸ್’ ತಂಡದ ರಿಚರ್ಡ್ ಬ್ಯಾರೆಟ್ ಇವರ ಹಾಡು ಕೇಳಿ ನಿರ್ಮಾಪಕ ಜಾರ್ಜ್ ಗೋಲ್ಡನರ್ ಬಳಿಗೆ ಕರೆದೊಯ್ದ. ಅಂದು ಸಾಂಟಿಯಾಗೊಗೆ ನೆಗಡಿಯಾಗಿತ್ತು ಎನ್ನುತ್ತದೆ ಒಂದು ಕಥೆ. ಗೋಲ್ಡನರ್‌ಗೇ ಚಿಕ್ಕವನ ದನಿ ಹಿಡಿಸಿತು ಎನ್ನುತ್ತದೆ ಇನ್ನೊಂದು. ಅಂತೂ ಮೈಕು ಫ್ರಾಂಕಿಯ ಪಾಲಾಯಿತು. ತಂಡಕ್ಕೆ ‘ಟೀನೇಜರ್ಸ್’ ಎಂಬ ಹೆಸರು ಬಿತ್ತು.

ಆಮೇಲಿನದು ಒಂದೂವರೆ ವರ್ಷದ ಮೆರವಣಿಗೆ. ಹಾಡು ಅಮೆರಿಕದ ರಿದಮ್ ಆಂಡ್ ಬ್ಲೂಸ್ ಪಟ್ಟಿಯಲ್ಲಿ ಒಂದನೇ ಸ್ಥಾನಕ್ಕೇರಿತು, ಪಾಪ್ ಪಟ್ಟಿಯಲ್ಲಿ ಆರನೆಯದಕ್ಕೆ. ಬ್ರಿಟನ್ನಿನಲ್ಲಿ 1956ರ ಜುಲೈನಲ್ಲಿ ಮೂರು ವಾರ ಮೊದಲ ಸ್ಥಾನದಲ್ಲಿ ಕೂತಿತ್ತು. ಬಿಳಿಯ ಗಾಯಕರು ಕರಿಯರ ಹಾಡನ್ನು ಬಿಸಿಯಾರುವ ಮೊದಲೇ ಮರುಹಾಡಿ ಮಾರುಕಟ್ಟೆ ಹಿಡಿಯುವುದು ಆಗಿನ ವಾಡಿಕೆ. ಗೇಲ್ ಸ್ಟಾರ್ಮ್, ಡೈಮಂಡ್ಸ್ ಇಬ್ಬರೂ ಅದನ್ನೇ ಮಾಡಿದರು. ಈ ಸಲ ಮೂಲದ ಹುಡುಗರೇ ಗೆದ್ದರು, ಪಾಪ್ ಪಟ್ಟಿಯಲ್ಲೂ ಅವರಿಗಿಂತ ಮೇಲೇ ನಿಂತರು. 1957ರಲ್ಲಿ ಲಂಡನ್ನಿನ ಪಲ್ಲಾಡಿಯಂ ರಂಗಮಂದಿರದಲ್ಲೂ ಹಾಡಿದರು.

ಗೋಲ್ಡನರ್ ಅಷ್ಟಕ್ಕೆ ತೃಪ್ತನಾಗದೆ ಫ್ರಾಂಕಿಯನ್ನು ಒಂಟಿ ತಾರೆಯಾಗಿ ಬೇರ್ಪಡಿಸಿದ. ನನ್ನ ಲೆಕ್ಕದಲ್ಲಿ ಇದು ದೊಡ್ಡ ಅವಿವೇಕ. ಆ ದನಿ ಹೊಳೆದದ್ದೇ ಗಾರ್ನೆಸ್‌ನ ಮಂದ್ರದ ಮೇಲೆ; ಕೆಳಗಿನ ನಾಲ್ವರನ್ನು ಕಿತ್ತುಕೊಂಡರೆ ಉಳಿಯುವುದು ಒಬ್ಬ ಚೂಟಿ ಹುಡುಗ ಮಾತ್ರ. 1957ರ ಜುಲೈನಲ್ಲಿ ಅಲನ್ ಫ್ರೀಡ್‌ನ ‘ದಿ ಬಿಗ್ ಬೀಟ್’ ಟಿ.ವಿ. ಕಾರ್ಯಕ್ರಮದಲ್ಲಿ ಫ್ರಾಂಕಿ ಬಿಳಿಯ ಹುಡುಗಿಯೊಬ್ಬಳ ಜೊತೆ ಕುಣಿದ. ದಕ್ಷಿಣ ರಾಜ್ಯಗಳ ಟಿ.ವಿ. ಕೇಂದ್ರಗಳು ಕೆಂಡಾಮಂಡಲವಾದವು. ಕಾರ್ಯಕ್ರಮವೇ ನಿಂತುಹೋಯಿತು.

ಅಷ್ಟರಲ್ಲಿ ದನಿ ಒಡೆಯಿತು. ಹದಿನೈದರಲ್ಲೇ ಹೆರಾಯಿನ್ ಚಟ ಹತ್ತಿತ್ತೆಂದು ಅವನೇ 1967ರಲ್ಲಿ ‘ಎಬೊನಿ’ ಪತ್ರಿಕೆಗೆ ಹೇಳಿಕೊಂಡಿದ್ದ. ಮತ್ತೆ ಹಾಡುವ ಆಸೆಯಿಂದ ನ್ಯೂಯಾರ್ಕಿಗೆ ಮರಳಿದವನು 1968ರ ಫೆಬ್ರುವರಿ 27ರಂದು ಹಾರ್ಲೆಮ್‌ನ ಅಜ್ಜಿಯ ಮನೆಯಲ್ಲಿ ಅತಿ ಮಾದಕ ಸೇವನೆಯಿಂದ ಸತ್ತ. ಆಗವನಿಗೆ 25. ಗಾರ್ನೆಸ್ 1977ರಲ್ಲಿ, ನೆಗ್ರೋನಿ 1978ರಲ್ಲಿ ತೀರಿಕೊಂಡರು.

ಇನ್ನು ತಕರಾರಿನ ಕಥೆ. ಮೊದಮೊದಲ ತಟ್ಟೆಗಳ ಮೇಲೆ ತಂಡದ ಹುಡುಗರ ಹೆಸರೂ ರಚನಕಾರರ ಪಟ್ಟಿಯಲ್ಲಿತ್ತು. ಆಮೇಲೆ ಲೈಮನ್ ಮತ್ತು ಗೋಲ್ಡನರ್ ಹೆಸರಷ್ಟೇ ಉಳಿಯಿತು. ಗೋಲ್ಡನರ್‌ಗೆ ಜೂಜಿನ ಹುಚ್ಚು. ಅವನ ಕಂಪನಿಗಳು ರೂಲೆಟ್ ರೆಕಾರ್ಡ್ಸ್‌ನ ಮಾರಿಸ್ ಲೆವಿಯ ಕೈಸೇರಿದವು. ಅದರ ಬೆನ್ನಿಗೇ ಗೋಲ್ಡನರ್ ಹೆಸರು ಅಳಿದು ಲೆವಿಯ ಹೆಸರು ಮೂಡಿತು. ಭೂಗತ ಲೋಕದ ನಂಟಿಗೆ ಹೆಸರಾಗಿದ್ದ ಲೆವಿ ಮುಂದೆ ಸುಲಿಗೆಯ ಸಂಚಿನ ಪ್ರಕರಣದಲ್ಲಿ ಅಪರಾಧಿಯೆಂದೂ ಸಾಬೀತಾದವನು. ಹಾಡಿನ ರಚನಕಾರನಾಗಿ ಅವನ ಹೆಸರು ಬಂದದ್ದಕ್ಕೆ ಕಾರಣ ಸಂಗೀತವಲ್ಲ, ವ್ಯಾಪಾರ.

1981ರಲ್ಲಿ ಡಯಾನಾ ರಾಸ್ ಹಾಡನ್ನು ಮತ್ತೆ ಹಾಡಿ ಗೆದ್ದಳು, ದುಡ್ಡು ಹರಿಯತೊಡಗಿತು. ಫ್ರಾಂಕಿಯ ಪಾಲು ಕೇಳಲು ಮೂವರು ಮುಂದೆ ಬಂದರು. ಮೂವರೂ ಅವನ ಹೆಂಡಂದಿರು! ಅವರಲ್ಲಿ ಒಬ್ಬಳು ‘ಪ್ಲ್ಯಾಟರ್ಸ್’ ತಂಡದ ಖ್ಯಾತ ಗಾಯಕಿ ಜೋಲಾ ಟೇಲರ್. ಕೊನೆಗೆ ನ್ಯಾಯಾಲಯ ಒಪ್ಪಿದ್ದು ಜಾರ್ಜಿಯಾದ ಶಾಲಾ ಶಿಕ್ಷಕಿಯನ್ನು. ಈ ಮೂವರ ಜಗಳ 1998ರಲ್ಲಿ ಸಿನಿಮಾ ಕೂಡ ಆಯಿತು. ಆ ಗದ್ದಲದಲ್ಲಿ ಹಿನ್ನೆಲೆಗೆ ಸರಿದವರು ಸಾಂಟಿಯಾಗೊ ಮತ್ತು ಮರ್ಚೆಂಟ್. ಇವರಿಬ್ಬರು ಬೇರೆಯೇ ದಾವೆ ಹೂಡಿದ್ದರು: ಹಾಡು ಕಟ್ಟಿದವರು ನಾವು ಎಂದು. 1992ರಲ್ಲಿ ಜ್ಯೂರಿ ಅವರ ಮಾತನ್ನು ಎತ್ತಿಹಿಡಿದು, ಇಬ್ಬರೂ ಸಹರಚನಕಾರರು ಎಂದಿತು. ನಾಲ್ಕೇ ವರ್ಷದಲ್ಲಿ ಮೇಲ್ಮನವಿ ನ್ಯಾಯಾಲಯ ಅದನ್ನು ತಳ್ಳಿಹಾಕಿತು. ಬರೆದವರು ಅವರಲ್ಲ ಎಂದು ಅದು ಹೇಳಲಿಲ್ಲ. ಹಕ್ಕು ಸಾಧಿಸಲು ಕಾನೂನು ಕೊಟ್ಟಿದ್ದ ಮೂರು ವರ್ಷದ ಗಡುವು ಎಂದೋ ಮೀರಿತ್ತು, ಅಷ್ಟೇ. ಮೀಸೆ ಮೂಡದ ಹುಡುಗರಿಗೆ ಆ ಗಡುವನ್ನು ಆಗ ಯಾರು ಹೇಳಿದ್ದರು?

ದುಡ್ಡು ಅತ್ತ ಹೋದರೂ ಆ ದನಿಯ ಸಂತತಿ ಬೆಳೆಯಿತು. ಫ್ರಾಂಕಿಯ ತಮ್ಮ ಲೂಯಿಸ್ ‘ಟೀನ್‌ಕಾರ್ಡ್ಸ್’ ಕಟ್ಟಿದ. ಬ್ಯಾರೆಟ್ ‘ಷಾಂಟೆಲ್ಸ್’ ಎಂಬ ಹುಡುಗಿಯರ ತಂಡವನ್ನು ಬೆಳಕಿಗೆ ತಂದ. ‘ರಾನೆಟ್ಸ್’ ತಂಡದ ರಾನಿ ಸ್ಪೆಕ್ಟರ್ ತಾನು ಹಾಡಲು ಹೊರಟದ್ದೇ ಫ್ರಾಂಕಿಯನ್ನು ಕೇಳಿ ಎನ್ನುತ್ತಿದ್ದಳು. ಚೂಟಿ ಬಾಲಕನೊಬ್ಬನನ್ನು ಮುಂದೆ ನಿಲ್ಲಿಸಿ ಹಿಂದೆ ತಂಡವನ್ನಿಡುವ ಜಾಡು ‘ಜಾಕ್ಸನ್ 5’ರವರೆಗೂ ಹೋಗುತ್ತದೆ. 1993ರಲ್ಲಿ ರಾಕ್ ಆಂಡ್ ರೋಲ್ ಹಾಲ್ ಆಫ್ ಫೇಮ್ ಐವರನ್ನೂ ಸೇರಿಸಿಕೊಂಡಿತು.

ಸಾಂಟಿಯಾಗೊ, ಮರ್ಚೆಂಟ್ ತಂಡವನ್ನು ಮತ್ತೆ ಕಟ್ಟಿ ವೇದಿಕೆಗೂ ಬಂದರು. ಫ್ರಾಂಕಿಯ ಜಾಗದಲ್ಲಿ ಹಾಡುವವರು ಬೇಕಲ್ಲ? ಬೆಳೆದ ಗಂಡಸಿಗೆ ನಿಲುಕುವ ಎತ್ತರವಲ್ಲ ಅದು. ‘ಕೋಡಕ್ಸ್’ ತಂಡದಲ್ಲಿದ್ದ ಪರ್ಲ್ ಮೆಕಿನ್ನನ್ ದನಿ ಮೊದಲಿನಿಂದಲೂ ಫ್ರಾಂಕಿಯದನ್ನು ಹೋಲುತ್ತದೆಂದು ಹೆಸರಾಗಿತ್ತು. ಅವಳನ್ನೇ ಕರೆತಂದು ಮುಂದೆ ನಿಲ್ಲಿಸಿ, ತಾವು ಹಿಂದೆ ನಿಂತು ಹಾಡಿದರು.