ಬಂಡೆ ಏರುವ ಮೊದಲು ಬೆರಳಿನ ಮಾತು ಕೇಳಿ

ಡಿಸೆಂಬರ್ ರಜೆ ಬಂತೆಂದರೆ ಬಾದಾಮಿ, ಹಂಪಿ, ರಾಮನಗರದ ಕಡೆ ಹೊರಡುವ ಕುಟುಂಬಗಳು ಬಹಳ. ಹಿಂದೆ ಗುಹೆ, ಕೋಟೆ, ಕೆರೆ ನೋಡಿ ಬುತ್ತಿ ಬಿಚ್ಚಿ ಊಟ ಮಾಡಿ ಮರಳಿದರೆ ಪ್ರವಾಸ ಮುಗಿಯಿತು. ಈಗ ಮಕ್ಕಳು ಇನ್ನೊಂದು ಬೇಡಿಕೆ ಮುಂದಿಡುತ್ತಾರೆ: "ಅಬ್ಬಾ, ಅಲ್ಲಿ ರಾಕ್ ಕ್ಲೈಂಬಿಂಗ್ ಹೇಳಿಕೊಡ್ತಾರಂತೆ. ನಾವೂ ಹತ್ತೋಣ." 2021ರಲ್ಲಿ ನಡೆದ ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಈ ಆಟಕ್ಕೆ ಮೊದಲ ಬಾರಿ ಸ್ಥಾನ ಸಿಕ್ಕ ಮೇಲಂತೂ ಆಸಕ್ತಿ ಇನ್ನೂ ಹೆಚ್ಚಿದೆ.

ಇಂಥ ಮಾತಿಗೆ ಮನೆಗಳಲ್ಲಿ ಸಾಮಾನ್ಯವಾಗಿ ಎರಡು ಉತ್ತರ. "ಬೇಡ, ಬಿದ್ದರೆ ಯಾರು ನೋಡುವವರು?" ಎಂಬುದು ಒಂದು. "ಹೋಗಲಿ ಬಿಡಿ, ಎರಡು ದಿನದ ಆಟ" ಎಂಬುದು ಇನ್ನೊಂದು. ಎರಡೂ ಸಾಲದು. ಇದು ಒಳ್ಳೆಯ ವ್ಯಾಯಾಮ. ಕೈಕಾಲು, ಬೆನ್ನು, ಹೊಟ್ಟೆ, ಮನಸ್ಸು ಎಲ್ಲಕ್ಕೂ ಒಟ್ಟಿಗೆ ಕೆಲಸ ಕೊಡುತ್ತದೆ. ಆದರೆ ನಾವು ಹೆದರುವುದು ಎತ್ತರಕ್ಕೆ. ಹಗ್ಗ, ಗಂಟು, ಕಲಿಸುವವರು ಸರಿಯಾಗಿದ್ದರೆ ಎತ್ತರವನ್ನು ಅವರು ನೋಡಿಕೊಳ್ಳುತ್ತಾರೆ. ರಜೆಯ ಮೂರು ದಿನದಲ್ಲಿ ಎಲ್ಲವನ್ನೂ ಕಲಿತುಬಿಡುವ ಅವಸರದಲ್ಲಿ ಸದ್ದಿಲ್ಲದೆ ಪೆಟ್ಟು ತಿನ್ನುವುದು ಬೆರಳು. ಅದನ್ನು ನೋಡಿಕೊಳ್ಳಬೇಕಾದವರು ನೀವೇ.

ಎಲ್ಲಿ, ಯಾರ ಬಳಿ ಕಲಿಯಬೇಕು?

ಬಾಗಲಕೋಟೆ ಜಿಲ್ಲೆಯ ಬಾದಾಮಿಯದು ಕೆಂಪು ಮರಳುಗಲ್ಲು. ನೆಟ್ಟಗೆ ನಿಂತ ಗೋಡೆಯಂಥ ಬಂಡೆಗಳು, ಹಿಡಿಯಲು ಚಾಚಿದ ಅಂಚುಗಳು. ಇಲ್ಲಿ ಹಗ್ಗ ಕಟ್ಟಿಕೊಂಡು ಏರುತ್ತಾರೆ. ಹಂಪಿಯದು ಗ್ರಾನೈಟ್. ತುಂಗಭದ್ರೆಯ ಆಚೆ ದಡದ ಆನೆಗೊಂದಿ, ಸಣಾಪುರದ ಕಡೆ ಚದುರಿ ಬಿದ್ದ ಗುಂಡುಗಳನ್ನು ಹಗ್ಗವಿಲ್ಲದೆ, ಕೆಳಗೆ ದಪ್ಪ ಹಾಸು ಹಾಕಿಕೊಂಡು ಏರುತ್ತಾರೆ. ಇದಕ್ಕೆ ‘ಬೌಲ್ಡರಿಂಗ್’ ಎಂದು ಹೆಸರು. ಎತ್ತರ ಕಡಿಮೆಯಾದ್ದರಿಂದ ಇದೇ ಸುಲಭವೆಂದು ಹೊಸಬರಿಗೆ ತೋರುತ್ತದೆ. ಆದರೆ ಇಲ್ಲಿ ಕೈ ಜಾರಿದರೆ ಪ್ರತಿ ಸಲವೂ ಬೀಳುವುದು ನೆಲಕ್ಕೇ. ಕಾಲಿನ ಗಿಣ್ಣು, ಮಣಿಕಟ್ಟು ಉಳುಕುವುದೂ ಮುರಿಯುವುದೂ ಇದರಲ್ಲಿ ಸಾಮಾನ್ಯ.

ಹೊಸಬರಿಗೆ ಒಳ್ಳೆಯದು ‘ಟಾಪ್ ರೋಪ್’ ವಿಧಾನ. ಹಗ್ಗ ಮೇಲಿನ ಆಧಾರದಿಂದ ಇಳಿದು ಬಂದಿರುತ್ತದೆ. ಕೈ ತಪ್ಪಿದರೂ ಸ್ವಲ್ಪ ಜಗ್ಗಿ ಅಲ್ಲೇ ತೂಗಿ ನಿಲ್ಲುತ್ತೀರಿ. ಹಗ್ಗವನ್ನು ತಾವೇ ಮೇಲಕ್ಕೆ ಒಯ್ಯುತ್ತಾ ಏರುವ ‘ಲೀಡ್’ ವಿಧಾನ ಮೊದಲ ಪ್ರವಾಸಕ್ಕೆ ಬೇಡವೇ ಬೇಡ.

ಹೊರಡುವ ಮೊದಲು ಊರಲ್ಲೇ ನಾಲ್ಕಾರು ವಾರ ಅಭ್ಯಾಸ ಮಾಡಿದರೆ ಇನ್ನೂ ಉತ್ತಮ. ಬೆಂಗಳೂರಿನ ಕಂಠೀರವ ಕ್ರೀಡಾಂಗಣದಲ್ಲಿ ಕೃತಕ ಗೋಡೆಯಿದೆ. ರಾಜ್ಯದ ಯುವ ಸಬಲೀಕರಣ ಮತ್ತು ಕ್ರೀಡಾ ಇಲಾಖೆಯಡಿ ಜನರಲ್ ತಿಮ್ಮಯ್ಯ ರಾಷ್ಟ್ರೀಯ ಸಾಹಸ ಅಕಾಡೆಮಿ ಶಿಲಾರೋಹಣದ ತರಬೇತಿ ಕೊಡುತ್ತದೆ. ಖಾಸಗಿಯವರ ಬಳಿ ಕಲಿಯುವುದಾದರೆ ಸಂಕೋಚವಿಲ್ಲದೆ ಕೇಳಿ: ಎಲ್ಲಿ ತರಬೇತಿ ಪಡೆದಿದ್ದೀರಿ? ಹಗ್ಗ ಎಷ್ಟು ಹಳೆಯದು? ಪ್ರಥಮ ಚಿಕಿತ್ಸೆ ಗೊತ್ತೇ? ಹೆಣ್ಣುಮಕ್ಕಳಿಗೆ ಮಹಿಳಾ ತರಬೇತುದಾರರಿದ್ದಾರೆಯೇ? ಉತ್ತರ ಕೊಡಲು ಸಿಡಿಮಿಡಿಗೊಳ್ಳುವವರ ಕೈಗೆ ಮಕ್ಕಳ ಜೀವ ಒಪ್ಪಿಸಬೇಡಿ.

ಸ್ಮಾರಕಗಳ ಗೋಡೆ ಹತ್ತುವುದು ಅಪರಾಧ. ರಾಮನಗರದ ರಾಮದೇವರ ಬೆಟ್ಟ 2012ರಿಂದ ರಣಹದ್ದುಗಳ ಸಂರಕ್ಷಿತ ಧಾಮ. ಅಲ್ಲಿ ಅರಣ್ಯ ಇಲಾಖೆಯ ಅಪ್ಪಣೆಯಿಲ್ಲದೆ ಬಂಡೆ ಮುಟ್ಟಬಾರದು.

ಬೆರಳಿನ ಬಲ ಬೆರಳಲ್ಲಿಲ್ಲ

ಈಗ ಮುಖ್ಯ ವಿಷಯಕ್ಕೆ ಬರೋಣ. ನಿಮ್ಮ ಬೆರಳುಗಳನ್ನು ಮಡಚುವ ದೊಡ್ಡ ಸ್ನಾಯುಗಳು ಬೆರಳಿನಲ್ಲಿಲ್ಲ. ಅವು ಇರುವುದು ಮೊಣಕೈಯಿಂದ ಮಣಿಕಟ್ಟಿನವರೆಗಿನ ಮುಂದೋಳಿನಲ್ಲಿ. ಅಲ್ಲಿಂದ ದಾರದಂಥ ಸ್ನಾಯುರಜ್ಜುಗಳು ಹೊರಟು ಬೆರಳ ತುದಿ ಮುಟ್ಟುತ್ತವೆ. ಜನ ಇವನ್ನೇ ‘ನರ’ ಎಂದು ಕರೆಯುವುದುಂಟು. ಈ ದಾರ ಮೂಳೆಯಿಂದ ಮೇಲೇಳದಂತೆ ಬೆರಳಿನುದ್ದಕ್ಕೂ ಉಂಗುರದಂಥ ಸಣ್ಣ ಪಟ್ಟಿಗಳು ಒತ್ತಿ ಹಿಡಿದಿರುತ್ತವೆ. ಬೆರಳ ತುದಿಯಲ್ಲಿ ಸಣ್ಣ ಅಂಚು ಹಿಡಿದು ಇಡೀ ಮೈಯ ಭಾರ ತೂಗಿದಾಗ ಆ ಎಳೆತವೆಲ್ಲ ಈ ಪಟ್ಟಿಗಳ ಮೇಲೆ. ಹೆಚ್ಚಾಗಿ ಹರಿಯುವುದು ಉಂಗುರ ಬೆರಳು ಮತ್ತು ನಡುಬೆರಳಿನ ಪಟ್ಟಿ. ಹರಿಯುವಾಗ ಕೆಲವೊಮ್ಮೆ ‘ಟಪ್’ ಎಂಬ ಸದ್ದು ಪಕ್ಕದವರಿಗೂ ಕೇಳಿಸುತ್ತದೆ.

ತೊಂದರೆ ಇರುವುದು ವೇಗದಲ್ಲಿ. ಸ್ನಾಯು ಕೆಲವೇ ವಾರಗಳಲ್ಲಿ ಬಲಗೊಳ್ಳುತ್ತದೆ. ರಜ್ಜು ಮತ್ತು ಪಟ್ಟಿ ಬಲಗೊಳ್ಳಲು ತಿಂಗಳುಗಳೇ ಬೇಕು. ಅವುಗಳಿಗೆ ರಕ್ತ ಸಂಚಾರ ಕಡಿಮೆ. ಜಿಮ್‌ಗೆ ಹೋಗಿ ತೋಳು ಬೆಳೆಸಿದ ಯುವಕನಿಗೆ ತನ್ನನ್ನು ಮೇಲೆಳೆದುಕೊಳ್ಳುವ ಶಕ್ತಿ ಇದೆ, ಆ ಶಕ್ತಿಯನ್ನು ತಾಳಿಕೊಳ್ಳುವ ಬೆರಳು ಇನ್ನೂ ಇಲ್ಲ. ಹಾಗಾಗಿಯೇ ಬಲಿಷ್ಠ ಹೊಸಬನಿಗೆ ಪೆಟ್ಟಿನ ಭಯ ಹೆಚ್ಚು.

ಪರಿಹಾರ ಕಾಲಿನಲ್ಲಿದೆ. ಏಣಿ ಹತ್ತುವಾಗ ಯಾರೂ ಕೈಯಿಂದ ಮೈ ಎಳೆದುಕೊಳ್ಳುವುದಿಲ್ಲ, ಕಾಲಿನಿಂದ ಎದ್ದು ನಿಲ್ಲುತ್ತಾರೆ. ಬಂಡೆಯಲ್ಲೂ ಅಷ್ಟೇ. ಮೊದಲು ಕಾಲಿಗೆ ಜಾಗ ನೋಡಿ, ಹೆಬ್ಬೆರಳಿನ ಮೇಲೆ ಭಾರ ಕೊಡಿ, ಕೈಯನ್ನು ನೇರವಾಗಿಟ್ಟು ತೂಕ ಸರಿದೂಗಿಸಲು ಮಾತ್ರ ಬಳಸಿ. ಬೆರಳನ್ನು ಬಿಗಿಯಾಗಿ ಮಡಚಿ ಅದರ ಮೇಲೆ ಹೆಬ್ಬೆರಳು ಒತ್ತಿ ಹಿಡಿಯುವ ಹಿಡಿತ ಬೇಡ. ಅಂಗೈ ತೆರೆದು ಹಿಡಿಯುವುದನ್ನು ರೂಢಿಸಿಕೊಳ್ಳಿ. ಮುಂದೋಳು ಕಲ್ಲಿನಂತೆ ಗಟ್ಟಿಯಾಗಿ, ಬೆರಳು ಬಿಚ್ಚಲಾಗದಂತಾದರೆ ಸ್ನಾಯು ಬಿಗಿದು ರಕ್ತ ಹರಿಯುತ್ತಿಲ್ಲ ಎಂದರ್ಥ. ಕೂಡಲೇ ಇಳಿಯಿರಿ. ಕೈ ಕೆಳಗಿಳಿಬಿಟ್ಟು ಕೊಡವಿ, ಚೆನ್ನಾಗಿ ವಿಶ್ರಾಂತಿ ಪಡೆದೇ ಮತ್ತೆ ಏರಿ.

ಬೆಳೆಯುವ ಮಕ್ಕಳಿದ್ದಾರೆಯೇ?

ಹನ್ನೆರಡರಿಂದ ಹದಿನಾರರ ಮಕ್ಕಳ ವಿಷಯದಲ್ಲಿ ಇನ್ನೂ ಎಚ್ಚರ ಬೇಕು. ಈ ವಯಸ್ಸಿನಲ್ಲಿ ಬೆರಳ ಮೂಳೆಯ ಬುಡದಲ್ಲಿ ಬೆಳವಣಿಗೆಯ ಪದರ ಇನ್ನೂ ಮೃದುವಾಗಿರುತ್ತದೆ. ದೊಡ್ಡವರಿಗೆ ಪಟ್ಟಿ ಹರಿಯುವಲ್ಲಿ ಮಕ್ಕಳಿಗೆ ಈ ಪದರವೇ ಬಿರುಕು ಬಿಡಬಹುದು. ಒಂದೇ ಏಟಿಗೆ ಅಲ್ಲ, ದಿನವೂ ಬೆರಳ ತುದಿಯಲ್ಲಿ ತೂಗಿ ತೂಗಿ ಹೀಗಾಗುತ್ತದೆ. ನಡುಬೆರಳು ಅಥವಾ ಉಂಗುರ ಬೆರಳಿನ ಮಧ್ಯದ ಗಂಟಿನ ಹಿಂಭಾಗದಲ್ಲಿ ನೋವು, ಊತ ಕಂಡರೆ "ಉಳುಕಿರಬೇಕು, ಎಣ್ಣೆ ಹಚ್ಚಿ" ಎಂದು ಬಿಡಬೇಡಿ. ಬಂಡೆ ಏರುವುದನ್ನು ನಿಲ್ಲಿಸಿ, ಮೂಳೆ ತಜ್ಞರಿಗೆ ತೋರಿಸಿ, ಎಕ್ಸ್‌ರೇ ತೆಗೆಸಿ. ಅಲಕ್ಷ್ಯ ಮಾಡಿದರೆ ಬೆರಳು ಜೀವನವಿಡೀ ಸೊಟ್ಟಗೋ ಬಿಗಿಯಾಗಿಯೋ ಉಳಿದೀತು.

ಹಾಗೆಂದು ಮಕ್ಕಳನ್ನು ತಡೆಯಬೇಕಿಲ್ಲ. ದೊಡ್ಡ ದೊಡ್ಡ ಹಿಡಿಕೆಗಳಿರುವ ಸುಲಭದ ಬಂಡೆ, ಮೇಲಿನಿಂದ ಹಗ್ಗ, ಮಧ್ಯೆ ಮಧ್ಯೆ ವಿಶ್ರಾಂತಿ. ಇಷ್ಟಿದ್ದರೆ ಮಕ್ಕಳು ನಮಗಿಂತ ಬೇಗ, ನಮಗಿಂತ ಚೆಂದಾಗಿ ಕಲಿಯುತ್ತಾರೆ.

ಹಗ್ಗ ಹಿಡಿದವರ ಹೊಣೆ

ಏರುವವರ ಹಗ್ಗವನ್ನು ಕೆಳಗೆ ನಿಂತು ಹಿಡಿಯುವುದಕ್ಕೆ ‘ಬಿಲೇ’ ಎನ್ನುತ್ತಾರೆ. ಪ್ರತಿ ಸಲ ಏರುವ ಮೊದಲು ಇಬ್ಬರೂ ಒಬ್ಬರನ್ನೊಬ್ಬರು ಪರೀಕ್ಷಿಸಬೇಕು. ಸೊಂಟದ ಪಟ್ಟಿಯ ಬಕಲ್ ಬಿಗಿಯಾಗಿದೆಯೇ? ಎಂಟರ ಆಕಾರದ ಗಂಟು ಪೂರ್ತಿಯಾಗಿದೆಯೇ? ಹಗ್ಗ ಬಿಲೇ ಸಾಧನದೊಳಗೆ ಸರಿಯಾಗಿ ಹೋಗಿದೆಯೇ? ಕೊಂಡಿಯ ಬೀಗ ತಿರುಗಿಸಿದ್ದೀರಾ? ಹಗ್ಗದ ಇನ್ನೊಂದು ತುದಿಗೆ ಗಂಟಿದೆಯೇ? ಹತ್ತನೆಯ ಸಲವೂ ಮೊದಲ ಸಲದಷ್ಟೇ ಗಮನವಿಟ್ಟು ನೋಡಿ. ಹಗ್ಗ ಹಿಡಿದವರ ಕೈಯಲ್ಲಿ ಮೊಬೈಲ್ ಇರಬಾರದು, ಫೋಟೊ ತೆಗೆಯಲು ಬೇರೆಯವರಿರಲಿ.

ಹೆಲ್ಮೆಟ್ ಏರುವವರಿಗಷ್ಟೇ ಅಲ್ಲ, ಕೆಳಗೆ ನಿಂತವರಿಗೂ ಬೇಕು. ಮೇಲಿನಿಂದ ಕಲ್ಲು ಜಾರುತ್ತದೆ. ಬೈಕಿನ ಹೆಲ್ಮೆಟ್ ಇದಕ್ಕೆ ಆಗದು. ಮಳೆ ಬಂದರೆ ಮರಳುಗಲ್ಲು ನೀರು ಹೀರಿ ದುರ್ಬಲವಾಗುತ್ತದೆ, ಹಿಡಿದ ಅಂಚೇ ಕಿತ್ತು ಬರಬಹುದು. ಕಲ್ಲು ಒಳಗಿನಿಂದ ಒಣಗುವವರೆಗೆ ಕಾಯಿರಿ.

ಉಡುಪು, ಉಂಗುರ, ಅತ್ತರು

ಸಡಿಲ ಪೈಜಾಮ, ಸಲ್ವಾರ್, ಟ್ರ್ಯಾಕ್ ಪ್ಯಾಂಟ್ ಯಾವುದಾದರೂ ಸರಿ. ಆದರೆ ಉದ್ದನೆಯ ಕಮೀಜಿನ ಅಂಚು ಸೊಂಟದ ಗಂಟನ್ನು ಮುಚ್ಚಬಾರದು. ಗಂಟು ಸದಾ ಕಣ್ಣಿಗೆ ಕಾಣುತ್ತಿರಬೇಕು. ಹೆಣ್ಣುಮಕ್ಕಳು ತಲೆವಸ್ತ್ರದ ತುದಿಗಳನ್ನು ಅಂಗಿಯೊಳಗೆ ಸೇರಿಸಿ, ಪಿನ್ನು ಹಾಕದೆ ಮೈಗಂಟುವ ತೆಳ್ಳಗಿನ ವಸ್ತ್ರ ತೊಟ್ಟು ಅದರ ಮೇಲೆ ಹೆಲ್ಮೆಟ್ ಬಿಗಿಯಾಗಿ ಕೂರಿಸಿಕೊಳ್ಳಬೇಕು. ಇಳಿಬಿದ್ದ ಬಟ್ಟೆಯಾಗಲಿ ಕೂದಲಾಗಲಿ ಬಿಲೇ ಸಾಧನಕ್ಕೆ ಸಿಕ್ಕಿಕೊಂಡರೆ ಬಿಡಿಸುವುದು ಕಷ್ಟ. ಉಂಗುರ, ಬಳೆ ಕಳಚಿಡಿ. ಬಂಡೆಯ ಬಿರುಕಿಗೆ ಉಂಗುರ ಸಿಕ್ಕಿ ಕಾಲು ಜಾರಿದರೆ ಬೆರಳೇ ಹೋದೀತು.

ಆ ದಿನ ಅತ್ತರು ಹಚ್ಚಬೇಡಿ. ಬಾದಾಮಿಯಲ್ಲೂ ರಾಮನಗರದಲ್ಲೂ ಬಂಡೆಗಳಲ್ಲಿ ಹೆಜ್ಜೇನು ಕಟ್ಟುತ್ತದೆ. ಕಟುವಾದ ವಾಸನೆ, ಹೊಗೆ, ಗದ್ದಲ ಅವನ್ನು ಕೆರಳಿಸಬಹುದು. ಹಿಂದೆ ಜೇನು ಕಚ್ಚಿ ಮೈಯೆಲ್ಲ ದದ್ದು, ಉಸಿರಾಟದ ತೊಂದರೆ ಆಗಿದ್ದವರು ಗೂಡಿರುವ ಬಂಡೆಯ ಬಳಿ ಹೋಗಲೇಬಾರದು.

ಗಾಳಿ, ನೀರು, ನಿದ್ದೆ

ಯುನಾನಿ ವೈದ್ಯದಲ್ಲಿ ಆರೋಗ್ಯಕ್ಕೆ ‘ಅಸ್ಬಾಬೆ ಸಿತ್ತ ಝರೂರಿಯ’ ಎಂಬ ಆರು ಅಗತ್ಯಗಳನ್ನು ಹೇಳುತ್ತಾರೆ. ಗಾಳಿ, ಅನ್ನಪಾನ, ದೇಹದ ಚಲನೆ ಮತ್ತು ವಿಶ್ರಾಂತಿ, ಮನಸ್ಸಿನ ಚಲನೆ ಮತ್ತು ವಿಶ್ರಾಂತಿ, ನಿದ್ದೆ ಮತ್ತು ಎಚ್ಚರ, ದೇಹದಲ್ಲಿ ಉಳಿಯಬೇಕಾದುದು ಉಳಿದು ಹೋಗಬೇಕಾದುದು ಹೋಗುವುದು. ಪ್ರವಾಸದಲ್ಲಿ ಆರೂ ಏರುಪೇರಾಗುತ್ತವೆ. ರಾತ್ರಿಯಿಡೀ ಬಸ್ಸಿನಲ್ಲಿ ಕುಳಿತು ಬಂದು ಬೆಳಿಗ್ಗೆಯೇ ಬಂಡೆ ಏರುವುದು ಸರಿಯಲ್ಲ. ಒಂದು ರಾತ್ರಿ ಚೆನ್ನಾಗಿ ಮಲಗಿ.

ಉತ್ತರ ಕರ್ನಾಟಕದಲ್ಲಿ ಇದಕ್ಕೆ ತಕ್ಕ ಕಾಲ ನವೆಂಬರ್‌ನಿಂದ ಫೆಬ್ರವರಿ. ಆಗಲೂ ಬೆಳಿಗ್ಗೆ ಮತ್ತು ಸಂಜೆಯ ನೆರಳಿನಲ್ಲಿ ಏರಿ. ಭಾರಿ ಊಟ ಮಾಡಿ ಏರಬೇಡಿ. ನಾಲ್ಕು ಖರ್ಜೂರ, ಬಾಳೆಹಣ್ಣು, ಉಪ್ಪು ಸಕ್ಕರೆ ಹಾಕಿದ ನಿಂಬೆ ಶರಬತ್ತು ಜೊತೆಗಿರಲಿ. ಉಪವಾಸದ ದಿನಗಳಲ್ಲಿ ಈ ಆಟ ಬೇಡ, ನೀರಿನ ಕೊರತೆಯಿಂದ ತಲೆ ಸುತ್ತುವುದು ನೆಲದ ಮೇಲೇ ಅಪಾಯ.

ಇಬ್ನ್ ಸೀನಾ ತಮ್ಮ ‘ಅಲ್ ಕಾನೂನ್’ ಗ್ರಂಥದಲ್ಲಿ ವ್ಯಾಯಾಮಕ್ಕೆ ಮೊದಲು ಮೈಯನ್ನು ಸಿದ್ಧಗೊಳಿಸುವ ಮಾಲೀಷು, ನಂತರ ದಣಿವಾರಿಸುವ ಮಾಲೀಷು ಎಂದು ಎರಡನ್ನು ವಿವರಿಸಿದ್ದಾರೆ. ಏರುವ ಮೊದಲು ಹತ್ತು ಹದಿನೈದು ನಿಮಿಷ ನಡೆದು, ತೋಳು ಬೆರಳುಗಳನ್ನು ಒಣಗೈಯಿಂದ ಉಜ್ಜಿ ಬೆಚ್ಚಗಾಗಿಸಿ. ಎಣ್ಣೆ ಹಚ್ಚಿದರೆ ಕೈ ಜಾರುತ್ತದೆ. ಎಣ್ಣೆ ಮಾಲೀಷು ಸಂಜೆಗಿರಲಿ, ಅದೂ ದಣಿದ ಸ್ನಾಯುಗಳಿಗೆ ಮಾತ್ರ.

ಯಾರು ಏರಬಾರದು?

ಹತೋಟಿಯಲ್ಲಿಲ್ಲದ ರಕ್ತದೊತ್ತಡ, ಹೃದಯದ ಕಾಯಿಲೆ, ಮೂರ್ಛೆ ರೋಗ, ಪದೇ ಪದೇ ತಲೆಸುತ್ತು ಇರುವವರು ಹಾಗೂ ಗರ್ಭಿಣಿಯರು ನೋಡಿ ಸಂತೋಷಪಡಲಿ. ಉಸಿರು ಕಟ್ಟಿ ಬಿಗಿಯಾಗಿ ಹಿಡಿದಾಗ ರಕ್ತದೊತ್ತಡ ಥಟ್ಟನೆ ಏರುತ್ತದೆ. ಇನ್ಸುಲಿನ್ ಅಥವಾ ಸಕ್ಕರೆ ಇಳಿಸುವ ಮಾತ್ರೆ ತೆಗೆದುಕೊಳ್ಳುವವರು ಮೊದಲು ತಮ್ಮ ವೈದ್ಯರನ್ನು ಕೇಳಿ, ಗ್ಲೂಕೋಸ್ ಜೇಬಿನಲ್ಲಿಟ್ಟುಕೊಳ್ಳಬೇಕು.

ಪೆಟ್ಟಾದರೆ

ಬೆರಳಿನಲ್ಲಿ ‘ಟಪ್’ ಎಂದರೆ ಅಂದಿಗೆ ಮುಗಿಯಿತು. ಬಟ್ಟೆಯಲ್ಲಿ ಸುತ್ತಿದ ಮಂಜುಗಡ್ಡೆಯನ್ನು ಹದಿನೈದು ನಿಮಿಷ ಇಡಿ, ಪಕ್ಕದ ಬೆರಳಿಗೆ ಸೇರಿಸಿ ಟೇಪ್ ಸುತ್ತಿ, ವೈದ್ಯರಿಗೆ ತೋರಿಸಿ. ಎಳೆಯಬೇಡಿ, ನೀವಬೇಡಿ. ಯುನಾನಿ ವೈದ್ಯನಾಗಿಯೇ ಹೇಳುತ್ತೇನೆ: ಊದಿಕೊಂಡ ಗಂಟಿನ ಮೇಲೆ ಯಾವ ರೋಗನ್ ಹಚ್ಚಿಯೂ ಉಜ್ಜಬಾರದು. ಚರ್ಮ ಕಿತ್ತುಬಂದರೆ ಸಾಬೂನು ನೀರಿನಲ್ಲಿ ತೊಳೆದು ಮುಚ್ಚಿ, ಟೆಟನಸ್ ಚುಚ್ಚುಮದ್ದು ತೆಗೆದುಕೊಂಡು ಎಷ್ಟು ಕಾಲವಾಯಿತೆಂದು ನೆನಪಿಸಿಕೊಳ್ಳಿ.

ಎತ್ತರದಿಂದ ಬಿದ್ದವರನ್ನು ಕೂಡಲೇ ಎತ್ತಿ ಕೂರಿಸಬೇಡಿ. ಕುತ್ತಿಗೆ ಅಲುಗದಂತೆ ಹಿಡಿದು 108ಕ್ಕೆ ಕರೆ ಮಾಡಿ. ತಲೆಗೆ ಪೆಟ್ಟಾಗಿ ವಾಂತಿ, ಮಂಪರು, ತೊದಲು ಮಾತು ಕಂಡರೆ ಆಸ್ಪತ್ರೆಯೇ ಗತಿ. ಹಗ್ಗದಲ್ಲಿ ಪ್ರಜ್ಞೆ ತಪ್ಪಿ ತೂಗುತ್ತಿರುವವರನ್ನು ತಡಮಾಡದೆ ಕೆಳಗಿಳಿಸಬೇಕು. ಕಾಲಿನಲ್ಲಿ ರಕ್ತ ನಿಂತು ಕೆಲವೇ ನಿಮಿಷಗಳಲ್ಲಿ ಪ್ರಾಣಕ್ಕೆ ಕುತ್ತಾಗಬಹುದು.

ಮೂರು ದಿನದ ಲೆಕ್ಕ

ಮೊದಲ ದಿನ ಗಂಟು, ಬಿಲೇ ಕಲಿಯಿರಿ, ಸುಲಭದ ಮೂರು ನಾಲ್ಕು ಏರು ಸಾಕು. ನೆಲದಿಂದ ಸ್ವಲ್ಪವೇ ಮೇಲೆ ಬೇಕೆಂದೇ ಹಗ್ಗದ ಮೇಲೆ ಕುಳಿತು ನೋಡಿ, ಹೆದರಿಕೆ ಅರ್ಧ ಇಳಿಯುತ್ತದೆ. ಎರಡನೆಯ ದಿನ ಬೆರಳಿಗೆ ರಜೆ. ಗುಹೆಗಳನ್ನೂ ಅಗಸ್ತ್ಯ ತೀರ್ಥದ ಕೆರೆಯನ್ನೂ ನೋಡಿ ಬನ್ನಿ. ಮೂರನೆಯ ದಿನ ಬೆಳಿಗ್ಗೆ ಎದ್ದೊಡನೆ ಮುಷ್ಟಿ ಕಟ್ಟಿ ಬಿಚ್ಚಿ, ಒಂದೊಂದೇ ಬೆರಳಿನ ಬುಡವನ್ನು ಒತ್ತಿ ನೋಡಿ. ನೋವಿಲ್ಲದಿದ್ದರೆ ಮತ್ತೆ ಏರಿ. ಒಂದು ಬೆರಳು ನೋಯುತ್ತಿದ್ದರೂ ಅಂದು ಮಕ್ಕಳ ಹಗ್ಗ ಹಿಡಿಯುವ ಕೆಲಸ ನಿಮ್ಮದಾಗಲಿ, ಅದೂ ಕಲಿಕೆಯೇ. ಬಂಡೆ ಎಲ್ಲೂ ಹೋಗುವುದಿಲ್ಲ, ಮುಂದಿನ ಚಳಿಗಾಲಕ್ಕೂ ಅಲ್ಲೇ ಇರುತ್ತದೆ.