ಆ ಗಡ್ಡಪ್ಪನನ್ನು ಎಲ್ಲಿ ಹುಡುಕಿದರಪ್ಪಾ!

ನೂರೊಂದು ವರ್ಷದ ಮುದುಕ ಬೀದಿಬದಿ ಕೂತು ಹೋಗಿಬರುವವರಿಗೆಲ್ಲ ಬೈಯುತ್ತಿದ್ದಾನೆ. ಎಂಥೆಂಥ ಬೈಗುಳ! ಬೈದು ಸಾಕಾಗಿ ಎದ್ದು, ಉಚ್ಚೆಗೆಂದು ಸಂದಿಗೆ ಹೋದವನು ಅಲ್ಲೇ ಕುಸಿದು ಸತ್ತೇ ಹೋಗುತ್ತಾನೆ. ಸಿನಿಮಾ ಈಗಷ್ಟೇ ಶುರುವಾಗಿದೆ!

ಇದು ‘ತಿಥಿ’. ಸೆಂಚುರಿಗೌಡನಾಗಿ ಸತ್ತವರು ಸಿಂಗ್ರಿಗೌಡ. ಅವನ ಮಗ ಗಡ್ಡಪ್ಪನಾಗಿ ಬಿಳಿಗಡ್ಡ ಬಿಟ್ಟುಕೊಂಡು, ಟೈಗರ್ ಬ್ರಾಂದಿ ಗುಟುಕರಿಸುತ್ತ ಹೊಲ ಸುತ್ತುವವರು ಚನ್ನೇಗೌಡ. ಅಪ್ಪ ಗಡ್ಡಪ್ಪ ಬದುಕಿರುವಾಗಲೇ ಸತ್ತನೆಂದು ಸರ್ಟಿಫಿಕೇಟ್ ಮಾಡಿಸಿ ಜಮೀನು ಮಾರಲು ಹೊರಟ ಮಗನಾಗಿ ತಮ್ಮೇಗೌಡ. ಒಬ್ಬರೂ ನಟರಲ್ಲ! ಎಲ್ಲ ಮಂಡ್ಯ ಸೀಮೆಯ ಹಳ್ಳಿಗರು. ಸಹಲೇಖಕ ಈರೇಗೌಡರ ಊರು ನೊದೆಕೊಪ್ಪಲಿನಲ್ಲಿ ನಿರ್ದೇಶಕ ರಾಮ್ ರೆಡ್ಡಿ ಮೊದಲು ಹುಡುಕಿದ್ದು ಕತೆಯನ್ನಲ್ಲ, ಮನುಷ್ಯರನ್ನು. ಮುಖ ಸಿಕ್ಕಿತು, ನಡಿಗೆ ಸಿಕ್ಕಿತು, ಮಾತಿನ ವರಸೆ ಸಿಕ್ಕಿತು. ಅವಕ್ಕೆ ಒಪ್ಪುವಂತೆ ಕತೆ ಹೊಲಿದರು. ಗಾಂಧಿನಗರದ ಸಿನಿಮಾದವರಿಗಾದರೆ ಮೊದಲು ಹೀರೋ ಡೇಟು, ಆಮೇಲೆ ಉಳಿದದ್ದು! 2015ರಲ್ಲಿ ಸ್ವಿಟ್ಜರ್ಲೆಂಡಿನ ಲೊಕಾರ್ನೊ ಚಿತ್ರೋತ್ಸವದಲ್ಲಿ ‘ತಿಥಿ’ಗೆ ಎರಡು ಪ್ರಶಸ್ತಿ. ಗಡ್ಡಪ್ಪನ ಒಂದೊಂದು ಹೆಜ್ಜೆಗೂ ಒಂದೊಂದು ಕೊಡಬಹುದಿತ್ತು ಅಂತ ನನ್ನ ಲೆಕ್ಕ.

ಆಮೇಲೆ ನಿರ್ದೇಶಕ ಜೈಶಂಕರ್ ಆರ್ಯರ್ ಕೊಪ್ಪಳದ ಯರೇಹಂಚಿನಾಳದಲ್ಲಿ ಶರಣಮ್ಮ ಚೆಟ್ಟಿಯವರನ್ನು ‘ಶಿವಮ್ಮ’ ಮಾಡಿದರು. ಶಾಲೆಯಲ್ಲಿ ಅಡುಗೆ ಮಾಡುವ ಹೆಂಗಸು, ಗಂಡನಿಗೆ ಪಾರ್ಶ್ವವಾಯು, ಸಾಲ ಮಾಡಿ ನೆಟ್‌ವರ್ಕ್ ಮಾರ್ಕೆಟಿಂಗ್‌ನ ಪುಡಿ ಮಾರಲು ಹೊರಡುತ್ತಾಳೆ. 2022ರಲ್ಲಿ ಬೂಸಾನ್‌ನ ಚಿತ್ರೋತ್ಸವದಲ್ಲಿ ನ್ಯೂ ಕರೆಂಟ್ಸ್ ಪ್ರಶಸ್ತಿ ಆ ಚಿತ್ರಕ್ಕೆ!

ಇದನ್ನೆಲ್ಲ ನೋಡಿದ ಕೋಲಾರದವನಿಗೆ ಹೊಟ್ಟೆ ಉರಿಯದೇ ಇರುತ್ತದೆಯೇ? ನಮ್ಮ ಚಿನ್ನದ ಗಣಿಯ ಸೈನೈಡ್ ಗುಡ್ಡಕ್ಕೆ ಕ್ಯಾಮೆರಾ ಬಂತು, 2018ರಲ್ಲಿ ‘ಕೆಜಿಎಫ್’ ದೇಶವನ್ನೇ ಅಲ್ಲಾಡಿಸಿತು. ಅವರಿಗೆ ಬೇಕಾಗಿದ್ದು ನಮ್ಮ ದೂಳು, ಜನ ಅಲ್ಲ. 2023ರಲ್ಲಿ ಜೀವಾ ನವೀನ್ ‘ಪಾಲಾರ್’ ಚಿತ್ರ ಮಾಡಿ ಈ ಕಡೆ ತಿರುಗಿದರು, ಸರಿ. ಆದರೆ ಒಂದು ಸಾಲದು ಸ್ವಾಮಿ! ತೇರಹಳ್ಳಿ ಬೆಟ್ಟದ ಆದಿಮ ಸಾಂಸ್ಕೃತಿಕ ಕೇಂದ್ರದಲ್ಲಿ ಕೋಟಿಗಾನಹಳ್ಳಿ ರಾಮಯ್ಯನವರು ಹುಣ್ಣಿಮೆ ಬೆಳದಿಂಗಳಲ್ಲಿ ಹಾಡು, ನಾಟಕ ಆಡಿಸಿದರಲ್ಲ, ನಟನೆಗೇನು ಬರಗಾಲ? ಮಾಲೂರಿನ ಇಟ್ಟಿಗೆ ಗೂಡಿನವರು, ಶ್ರೀನಿವಾಸಪುರದ ಮಾವಿನ ಮಂಡಿಯವರು, ಮುಳಬಾಗಿಲಿನಲ್ಲಿ ತೆಲುಗಲ್ಲಿ ಶುರುಮಾಡಿ ಕನ್ನಡದಲ್ಲಿ ಮಾತು ಮುಗಿಸುವ ಅಜ್ಜಿಯರು!

ಕೋಲಾರದ ಎಪಿಎಂಸಿಯಲ್ಲಿ ಟೊಮೆಟೊ ಹರಾಜು ಕೂಗುವವನನ್ನು ಕೇಳಿದ್ದೀರಾ? ಕ್ರೇಟುಗಳ ನಡುವೆ ಹೆಜ್ಜೆ ಹಾಕುತ್ತ, ಉಸಿರೇ ತೆಗೆದುಕೊಳ್ಳದೆ ರೇಟು ಏರಿಸುತ್ತಾನೆ, ಮಧ್ಯೆ ಒಬ್ಬನನ್ನು ಗೇಲಿ ಮಾಡುತ್ತಾನೆ, ರೈತನ ಮುಖ ನೋಡಿ ಗಕ್ಕನೆ ನಿಲ್ಲಿಸುತ್ತಾನೆ. ಈರೇಗೌಡ್ರೇ, ಒಂದು ಬೆಳಗ್ಗೆ ಬನ್ನಿ, ಟೀ ನಾನು ಕೊಡಿಸುತ್ತೇನೆ.